ಗಜೇಂದ್ರಗಡದ ಹನ್ನೊಂದು ನಿಮಿಷ

ನನ್ನ ನಿವೃತ್ತಿಗೆ ಇನ್ನೆರಡು ವರ್ಷವಿತ್ತು. ಹಳೆಯ ಚಿತ್ರಗಳನ್ನು ಕಾಪಾಡುವ ಬೆಂಗಳೂರಿನ ಒಂದು ಸಂಗ್ರಹಾಲಯದಲ್ಲಿ ನಾನು ಹಿರಿಯ ತಂತ್ರಜ್ಞೆ. ಒಂದು ಬೆಳಿಗ್ಗೆ ಗಜೇಂದ್ರಗಡದ ಬಟ್ಟೆ ವ್ಯಾಪಾರಿ ಮೌಲಾಸಾಬ್ ಬಂದು ತುಕ್ಕು ಹಿಡಿದ ಡಬ್ಬಿಯೊಂದನ್ನು ಮೇಜಿನ ಮೇಲಿಟ್ಟರು. ಮುಚ್ಚಳ ತೆಗೆದೊಡನೆ ವಿನೆಗರ್ ವಾಸನೆ ಮೂಗಿಗೆ ಹೊಡೆಯಿತು. ಫಿಲ್ಮ್ ಕೊಳೆಯತೊಡಗಿದೆ ಎಂಬುದರ ಗುರುತು ಅದು.

ಒಳಗಿದ್ದದ್ದು ಐವತ್ತರ ದಶಕದ ಹದಿನಾರು ಎಂಎಂ ಸಾಕ್ಷ್ಯಚಿತ್ರ. ಹನ್ನೊಂದು ನಿಮಿಷ, ಮಾತಿಲ್ಲ. ಹುಟ್ಟು, ದುಡಿಮೆ, ಮುಪ್ಪು, ಸಾವು. ಯಾವುದೂ ನಿಲ್ಲುವುದಿಲ್ಲ ಎಂಬುದೇ ಅದರ ವಸ್ತು. ಚಿತ್ರೀಕರಣ ನಡೆದದ್ದು ಗಜೇಂದ್ರಗಡದ ನೇಕಾರರ ಓಣಿಯಲ್ಲಿ. ಟೂರಿಂಗ್ ಟಾಕೀಸಿನಲ್ಲಿ ಪ್ರೊಜೆಕ್ಟರ್ ನಡೆಸುತ್ತಿದ್ದ ಮೌಲಾಸಾಬರ ತಂದೆಗೆ ಚಿತ್ರದವರು ಒಂದು ಪ್ರತಿ ಕೊಟ್ಟಿದ್ದರಂತೆ.

“ಇದರಾಗ ನಮ್ಮ ಓಣಿ ಶಾಂತವ್ವನ ಅವ್ವ ಸೀರಿ ನೇಯಾಕತ್ತಾಳ ಅಂತ ನಮ್ಮಪ್ಪ ಹೇಳ್ತಿದ್ದರಿ,” ಎಂದರು ಮೌಲಾಸಾಬ್. “ಶಾಂತವ್ವ ಕೂಸಿದ್ದಾಗನ ತಾಯಿ ತೀರಿಕೊಂಡ್ಲು. ಅವ್ವನ ಮಾರಿ ಹ್ಯಾಂಗಿತ್ತಂತ ಆಕಿಗೆ ಗೊತ್ತಿಲ್ರಿ. ಒಂದು ಫೋಟೋನೂ ಇಲ್ಲ.”

ನಮ್ಮ ಮುಖ್ಯಸ್ಥರು ನೋಡಿ ಕೈಚೆಲ್ಲಿದರು. ಫಿಲ್ಮ್ ಕುಗ್ಗಿ, ಅದರ ಅಂಚಿನ ರಂಧ್ರಗಳು ಸ್ಕ್ಯಾನರಿನ ಹಲ್ಲುಗಳಿಗೆ ಕೂಡುತ್ತಿರಲಿಲ್ಲ. ಓಡಿಸಿದರೆ ಹರಿಯುವುದು ಖಂಡಿತ. “ಇದು ಸತ್ತಿದೆ, ವಾಪಸ್ ಕಳಿಸಿ,” ಎಂದರು. ನಾನು ಒಂದು ತಿಂಗಳ ಕಾಲಾವಕಾಶ ಕೇಳಿದೆ. ಒಲ್ಲದ ಮನಸ್ಸಿನಿಂದ ಕೊಟ್ಟರು.

ಯಂತ್ರ ಬಿಟ್ಟು ಕೈಯನ್ನೇ ನಂಬಿದೆ. ದೀಪದ ಪೆಟ್ಟಿಗೆಯ ಮೇಲೆ ಫಿಲ್ಮ್ ಹಾಸಿ ಒಂದೊಂದೇ ಫ್ರೇಮಿನ ಚಿತ್ರ ತೆಗೆದೆ. ಸೆಕೆಂಡಿಗೆ ಇಪ್ಪತ್ನಾಲ್ಕು ಫ್ರೇಮ್. ಒಟ್ಟು ಹದಿನೈದು ಸಾವಿರದ ಎಂಟುನೂರ ನಲವತ್ತು. ಮಗ್ಗದ ದೃಶ್ಯವಿದ್ದ ಸುತ್ತುಗಳೇ ಒಂದಕ್ಕೊಂದು ಅಂಟಿಕೊಂಡಿದ್ದವು. ಅವನ್ನು ತೇವವಿದ್ದ ಡಬ್ಬಿಯಲ್ಲಿಟ್ಟು ದಿನಕ್ಕೊಂದು ಗೇಣು ಬಿಡಿಸಿದೆ. ಒಮ್ಮೆ ಅಂಚು ಹರಿಯಿತು. ಆ ದಿನ ಊಟ ಸೇರಲಿಲ್ಲ. ಇಪ್ಪತ್ತಾರನೆಯ ದಿನ ಭೂತಗನ್ನಡಿಯಡಿ, ಮಗ್ಗದ ಹಿಂದೆ, ಒಂದು ಹೆಣ್ಣಿನ ಮುಖ ಕಂಡಿತು.

ತೆಗೆದ ಫ್ರೇಮುಗಳನ್ನೆಲ್ಲ ಕಂಪ್ಯೂಟರಿನಲ್ಲಿ ಸಾಲಾಗಿ ಜೋಡಿಸಿದಾಗ ಚಿತ್ರ ಮತ್ತೆ ಓಡಿತು. ತಿಂಗಳು ಮುಗಿದ ಮೇಲಿನ ಭಾನುವಾರ ಬೆಳಿಗ್ಗೆ, ಗಜೇಂದ್ರಗಡದ ನೇಕಾರರ ಸಭಾಂಗಣದ ಕಿಟಕಿಗಳಿಗೆ ಜಮಖಾನೆ ಕಟ್ಟಿ ಪ್ರದರ್ಶನ. ರೋಣ, ನರಗುಂದದಿಂದಲೂ ಜನ ಬಂದಿದ್ದರು. ಎಪ್ಪತ್ತು ದಾಟಿದ ಶಾಂತವ್ವ ಮುಂದಿನ ಸಾಲಿನಲ್ಲಿ ಸೆರಗು ಬಿಗಿಹಿಡಿದು ಕೂತಿದ್ದರು. ಪರದೆಯ ಮೇಲೆ ನೇಯುತ್ತಿದ್ದ ಹೆಂಗಸು ತಲೆಯೆತ್ತಿ ನಕ್ಕಳು. ಏಳು ಸೆಕೆಂಡು, ಅಷ್ಟೇ.

ಶಾಂತವ್ವ ಎದ್ದು ನಿಂತುಬಿಟ್ಟರು. “ನೋಡ್ರಿ ಎಲ್ಲಾರೂ! ನಮ್ಮವ್ವಗ ನನ್ನಂಗ ಗಲ್ಲದಾಗ ಗುಳಿ ಬೀಳ್ತಾವು!”

ಸಭಾಂಗಣ ಚಪ್ಪಾಳೆ, ಸಿಳ್ಳೆಯಿಂದ ತುಂಬಿಹೋಯಿತು. “ಇನ್ನೊಮ್ಮಿ ಹಚ್ರಿ, ಅಕ್ಕಾರ!” ನಾಲ್ಕು ಸಲ ಹಚ್ಚಿದೆವು. ಸಾವಿನಲ್ಲಿ ಮುಗಿಯುವ ಚಿತ್ರಕ್ಕೆ ಜನ ನಕ್ಕು, ಅತ್ತು, ಮತ್ತೆ ನಕ್ಕರು. ನಾನೂ ಅತ್ತುಬಿಟ್ಟೆ, ಅದು ಗೆದ್ದವರ ಅಳು.

ಫಿಲ್ಮ್ ಕೆಟ್ಟಿದೆ ಎಂದು ವರದಿ ಬರೆಯಲು ಐದು ನಿಮಿಷ ಸಾಕು. ಆಮೇಲಿನ ಎರಡು ವರ್ಷ, ಯಾರೇ ಡಬ್ಬಿ ತಂದರೂ, ಮುಚ್ಚಳ ತೆಗೆಯುವ ಮೊದಲು ನಾನು ಕೇಳುತ್ತಿದ್ದದ್ದು ಒಂದೇ: “ಇದರಲ್ಲಿ ಯಾರಿದ್ದಾರೆ?”