ಎರಡನೆಯ ಬಳೆ

ಕಳೆದ ವಾರ ನಾವು ಮಣ್ಣು ಮಾಡಿದ ಎಲ್ವಿರಾ, ಆಲ್ಡರ್ ಫೋರ್ಕ್ ಸ್ಟೇಷನ್ನಿನಲ್ಲಿ ದುಡಿದವಳು. ಗೂಡ್ಸ್ ರೈಲುಗಳು ಅಲ್ಲಿ ನಿಲ್ಲುತ್ತಿರಲಿಲ್ಲ. ಆದೇಶದ ಚೀಟಿ ಸಿಕ್ಕಿಸಿದ ಬಿದಿರಿನ ದೊಡ್ಡ ಬಳೆಯನ್ನು ಅವಳು ಹಳಿಯ ಪಕ್ಕ ಎತ್ತಿ ಹಿಡಿದರೆ, ಡ್ರೈವರ್ ಅದರೊಳಗೆ ತೋಳು ತೂರಿಸಿ ಎಳೆದುಕೊಳ್ಳುತ್ತಿದ್ದ.

ಒಂದು ಚಳಿಗಾಲದ ದಿನ ಬಂದ ಆದೇಶ: ಮುಂದಿನ ಸ್ಟೇಷನ್ನಿನಲ್ಲಿ ನಿಲ್ಲಿ, ಅದೇ ಹಳಿಯಲ್ಲಿ ಎದುರಿನಿಂದ ಪ್ಯಾಸೆಂಜರ್ ಬರುತ್ತಿದೆ.

ಹಿಮಗಾಳಿಗೆ ಡ್ರೈವರನ ಕೈ ತಪ್ಪಿತು. ಬಳೆ ನೆಲಕ್ಕೆ ಬಿತ್ತು. ಉಳಿದದ್ದು ಕೊನೆಯ ಡಬ್ಬಿಯ ಗಾರ್ಡ್ ಓರಿನ್‌ಗೆಂದು ಅದೇ ಆದೇಶ ಸಿಕ್ಕಿಸಿ ಇಟ್ಟುಕೊಂಡಿದ್ದ ಎರಡನೆಯ ಬಳೆ. ಡಬ್ಬಿಗಳು ಒಂದೊಂದಾಗಿ ಹಾದುಹೋಗುವವರೆಗೂ ಅವಳು ಅದನ್ನು ಎತ್ತಿ ಹಿಡಿದೇ ನಿಂತಳು.

"ಓರಿನ್, ಡ್ರೈವರ್‌ಗೆ ಸಿಕ್ಕಿಲ್ಲ ಕಣೋ! ಬ್ರೇಕ್ ಎಳಿ!"

ಬಳೆ ಕಿತ್ತುಕೊಂಡು ಓರಿನ್ ಒಳಗೆ ಓಡಿದ. ಚಕ್ರಗಳು ಕಿರುಚಿದವು, ರೈಲು ನಿಂತಿತು.

ಅವನು ಹಿಂದಕ್ಕೆ ನಡೆದು ಬಂದ. "ಏನಕ್ಕಾ, ಕಾಫಿಯೆಲ್ಲಾ ಮೈಮೇಲೆ ಚೆಲ್ಲಿಸಿಬಿಟ್ಯಲ್ಲ!"

"ಬೇರೆ ಕೊಡ್ತೀನಿ, ಬಾರೋ," ಎಂದಳು ಎಲ್ವಿರಾ. ಆದರೆ ಸ್ಟೇಷನ್ನಿನೊಳಗೆ ಬಂದವಳು ಕೆಟಲ್ ಮರೆತು ಬೆಂಚಿನ ಮೇಲೆ ಕುಳಿತುಬಿಟ್ಟಳು. ಇಬ್ಬರಿಗೂ ಅವನೇ ಸುರಿದ.