ಶಲ್ಯ ಸರಿ ಮಾಡುವ ದೃಶ್ಯ

ಅಪ್ಪ ಮೊದಲ ಸಲ ಮಾತು ಮರೆತದ್ದು ನಮ್ಮ ನಾಟಕ ಕಂಪನಿಯ ಬ್ಯಾಡಗಿ ಕ್ಯಾಂಪಿನಲ್ಲಿ, ಮೆಣಸಿನಕಾಯಿ ಸುಗ್ಗಿಯಲ್ಲಿ. ಹಾಗಾಗಿ ಅದು ಮರೆವು ಎಂದು ಯಾರಿಗೂ ಅನಿಸಲಿಲ್ಲ. ಆ ತಿಂಗಳುಗಳಲ್ಲಿ ಬ್ಯಾಡಗಿಯಲ್ಲಿ ನಾಟಕ ಮಾಡುವುದೆಂದರೆ ಎರಡು ಕೆಮ್ಮುಗಳ ನಡುವೆ ಜಾಗ ಹುಡುಕಿ ಮಾತು ಹೇಳುವುದು. ಥಿಯೇಟರಿನ ತಗಡಿನ ಸಂದಿನಿಂದ ಘಾಟು ಒಳಗೆ ಬರುತ್ತಿತ್ತು. ಪ್ರೇಕ್ಷಕರು ಕೆಮ್ಮುತ್ತಿದ್ದರು, ನಾವು ದವಡೆಯಲ್ಲಿ ಲವಂಗ ಇಟ್ಟುಕೊಂಡು ಅಳುತ್ತಿದ್ದೆವು, ನಗುತ್ತಿದ್ದೆವು.

ಅದು ಅಪ್ಪನಿಗೆ ಹೆಸರು ತಂದುಕೊಟ್ಟ ನಾಟಕ. ಆತ ಗೌಡ, ನಾನು ಗೌಡನ ಮಗಳು. ಮೂವತ್ತೆಂಟು ವರ್ಷದ ನಾನು ಹದಿನೆಂಟರ ಹುಡುಗಿಯಾಗುತ್ತಿದ್ದೆ. ಪೌಡರು ಇರುವುದೇ ಅದಕ್ಕೆ. ಮನೆ ಬಿಟ್ಟು ಹೊರಟ ಮಗಳನ್ನು ಗೌಡ ಹೊಸ್ತಿಲಲ್ಲಿ ತಡೆದು, ಕೀಲಿಗೊಂಚಲು ಎತ್ತಿ ಹಿಡಿದು ಹೇಳಬೇಕು: "ಈ ಮನಿ ಕೀಲಿ ನನ್ನ ಕೈಯಾಗ ಐತಿ. ಒಳಗ ಯಾರು ಬರಬೇಕು, ಹೊರಗ ಯಾರು ಹೋಗಬೇಕು, ನಾ ಹೇಳತೇನಿ." ಆ ಮಾತಿಗೆ ಚಪ್ಪಾಳೆ ಬೀಳದ ಆಟವನ್ನು ನಾನು ಕಂಡಿರಲಿಲ್ಲ.

ಆ ಸಂಜೆ ಅಪ್ಪ ಕೀಲಿ ಎತ್ತಿದ. ಬಾಯಿ ತೆರೆದ. ಮಾತು ಬರಲಿಲ್ಲ. ನನ್ನನ್ನು ನೋಡಿದ. ವಿಳಾಸ ಕೇಳಲು ಬಂದ ಯಾರನ್ನೋ ನೋಡುವಂತೆ, ಮರ್ಯಾದೆಯಿಂದ ನೋಡಿದ. ಯೋಚಿಸಲು ಪುರಸೊತ್ತಿರಲಿಲ್ಲ, ಓಡಿಹೋಗಿ ಅವನ ಹೆಗಲ ಮೇಲಿನ ಶಲ್ಯ ಸರಿ ಮಾಡುವ ನೆಪದಲ್ಲಿ ಕಿವಿಯ ಹತ್ತಿರ ಮಾತು ಎತ್ತಿಕೊಟ್ಟೆ. ಅಪ್ಪ ಗುಡುಗಿದ. ಚಪ್ಪಾಳೆ ಬಿತ್ತು, ಎಂದಿಗಿಂತ ಜೋರಾಗಿಯೇ ಬಿತ್ತು. ಮನೆ ಬಿಟ್ಟು ಹೋಗುವ ಮಗಳು ಕೊನೆಯ ಗಳಿಗೆಯಲ್ಲೂ ತಂದೆಯ ಶಲ್ಯ ಸರಿ ಮಾಡುತ್ತಾಳಲ್ಲ ಎಂದು ಮುಂದಿನ ಸಾಲಿನ ಹೆಂಗಸರು ಸೆರಗಿನಿಂದ ಕಣ್ಣೊರೆಸಿಕೊಂಡರು.

"ನಡುವ ಯಾಕ ಬಂದಿ ಯವ್ವಾ?" ಎಂದು ಬಣ್ಣದ ಮನೆಯಲ್ಲಿ ಅಪ್ಪ ಕೇಳಿದ.

"ಶಲ್ಯ ಜಾರಿತ್ತು ಅಪ್ಪಾ."

ಆತ ನಂಬಿದ. ಉಳಿದವರು ಘಾಟಿಗೆ ಗಂಟಲು ಕಟ್ಟಿತ್ತು ಎಂದುಕೊಂಡರು. ಪೇಟಿ ಮಾಸ್ತರರು ಮಾತ್ರ ಹಾರ್ಮೋನಿಯಂಗೆ ಬಟ್ಟೆ ಹೊದಿಸುತ್ತ, ನನ್ನ ಮುಖ ನೋಡದೆಯೇ ಹೇಳಿದರು: "ಘಾಟು ಹತ್ತಿದ್ರ ಕೆಮ್ಮು ಬರ್ತೈತಿ ತಂಗಿ. ನಿಮ್ಮಪ್ಪಗ ಕೆಮ್ಮು ಬರಲಿಲ್ಲ."

ನನಗೆ ಸಿಟ್ಟು ಬಂತು. ವಾರವಿಡೀ ಅವರ ಜೊತೆ ಮಾತು ಬಿಟ್ಟೆ. ಖರೇ ಹೇಳಿದವರ ಮೇಲೆ ಸಿಟ್ಟಾಗುವುದು ನನ್ನ ಹಳೇ ಚಾಳಿ.

ಸಿಟ್ಟಿಗೆ ಕಾರಣ ಅಜ್ಜಿ, ಅಪ್ಪನ ತಾಯಿ. ನಮ್ಮ ಮನೆತನಕ್ಕೆ ಹೆಸರು ತಂದವಳೇ ಆಕೆ. ಆಕೆಯ ಹೆಸರು ಹೇಳಿದರೆ ಈಗಲೂ ಹಾವೇರಿಯ ಮುದುಕರು ಕುರ್ಚಿಯಲ್ಲಿ ನೆಟ್ಟಗೆ ಕೂರುತ್ತಾರೆ. ಕೊನೆಯ ವರ್ಷಗಳಲ್ಲಿ ಆಕೆ ಸಂಜೆಯಾದರೆ ಮುಖಕ್ಕೆ ಪೌಡರು ಹಚ್ಚಿಕೊಂಡು ಪಡಸಾಲೆಯಲ್ಲಿ ಕೂತು, "ಮೂರನೇ ಗಂಟಿ ಆತೇನ?" ಎಂದು ಕೇಳುತ್ತಿದ್ದಳು. ಮೂರನೇ ಗಂಟೆಗೆ ಪರದೆ ಏಳುವುದು ಕಂಪನಿಯ ಪದ್ಧತಿ. ಸಣ್ಣವಳಾಗಿದ್ದ ನಾನು ತಾಟಿನ ಮೇಲೆ ಚಮಚ ಬಡಿಯುತ್ತಿದ್ದೆ. ಆಕೆ ಎದ್ದು, ಸೀರೆ ಸರಿಪಡಿಸಿಕೊಂಡು, ಗೋಡೆಯ ಕಡೆ ನಾಲ್ಕು ಹೆಜ್ಜೆ ನಡೆದು ನಿಲ್ಲುತ್ತಿದ್ದಳು. ಮುಂದೇನು ಎಂದು ಆಕೆಗೆ ತಿಳಿಯುತ್ತಿರಲಿಲ್ಲ. ನಾನು ನಗುತ್ತಿದ್ದೆ. ಆ ನಗುವನ್ನು ನೆನೆದರೆ ನನ್ನ ಬಾಯಿಗೆ ನಾನೇ ಹೊಡೆದುಕೊಳ್ಳಬೇಕು ಅನಿಸುತ್ತದೆ.

ಅಪ್ಪನನ್ನು ನಾನು ಐದು ವರ್ಷ ಮುಚ್ಚಿಟ್ಟೆ. ಆ ನಾಟಕದಲ್ಲಿ ಮೊದಲು ಒಂದು ಕಡೆ ಶಲ್ಯ ಸರಿ ಮಾಡುತ್ತಿದ್ದವಳು ಆಮೇಲೆ ಮೂರು ಕಡೆ, ನಾಲ್ಕು ಕಡೆ ಮಾಡಿದೆ. ಜನ ಅದನ್ನು ನೋಡಲೆಂದೇ ಬರತೊಡಗಿದರು. ಬೇರೆ ಕಂಪನಿಯವರೂ ಅದನ್ನು ಎತ್ತಿಕೊಂಡರು. ರಾಣೆಬೆನ್ನೂರಿನ ಒಂದು ಆಟದಲ್ಲಿ ಅಪ್ಪ ಬೇರೆಯೇ ನಾಟಕದ ಮಾತುಗಳನ್ನು ಅರ್ಧ ಪುಟ ಹೇಳಿಬಿಟ್ಟ. ಹಿರಿಯ ನಟ ಸ್ವಂತ ಮಾತು ಜೋಡಿಸಿದ್ದಾನೆ ಎಂದು ತಿಳಿದು ಜನ ಸಿಳ್ಳೆ ಹಾಕಿದರು. ಟೀವಿಯವರು ಬಂದು ಶಲ್ಯದ ದೃಶ್ಯ ಯಾರ ಕಲ್ಪನೆ ಎಂದು ಕೇಳಿದರೆ ಅಪ್ಪ ನನ್ನ ಕಡೆ ಕೈ ಮಾಡಿ, "ಇಕೀದು. ನನಗಿಂತ ಶ್ಯಾಣ್ಯಾಕಿ" ಎಂದು ನಕ್ಕ.

ಆತನ ಮಾನ ಉಳಿಸಲು ಹಾಗೆ ಮಾಡಿದೆ ಎಂದು ನಾನು ಎಲ್ಲರಿಗೂ ಹೇಳುತ್ತೇನೆ. ಪೂರ್ತಿ ಖರೇ ಅಲ್ಲ. ಅಪ್ಪನ ಚಿತ್ರ ಇಲ್ಲದ ನಾಟಕದ ಬೋರ್ಡಿನ ಮೇಲೆ ನನ್ನ ಮುಖವನ್ನು ಯಾರು ನೋಡುತ್ತಾರೆ ಎಂಬ ಅಂಜಿಕೆಯೂ ಇತ್ತು. ಕೊನೆಗೆ ಹುಬ್ಬಳ್ಳಿಯ ಡಾಕ್ಟರಿಗೆ ತೋರಿಸಿದಾಗ ಅವರು, ಮೊದಲೇ ಯಾಕೆ ಕರೆತರಲಿಲ್ಲ ಎಂದು ಕೇಳಿದರು. ಅಜ್ಜಿಯ ವಿಷಯ ತಿಳಿದ ಮೇಲೆ ಪೆನ್ನು ಕೆಳಗಿಟ್ಟು, "ನೀವೂ ಐವತ್ತು ದಾಟಿದ ಮೇಲೆ ಒಮ್ಮೆ ತೋರಿಸಿಕೊಳ್ಳಿ" ಎಂದರು. ಹೂಂ ಎಂದು ಬಂದೆ. ಐವತ್ತು ದಾಟಿ ಏಳು ವರ್ಷವಾಯಿತು, ಇನ್ನೂ ಹೋಗಿಲ್ಲ.

ಅಪ್ಪ ಕಡೆಯ ದಿನಗಳನ್ನು ಹಾವೇರಿಯ ಮನೆಯಲ್ಲಿ ಕಳೆದ. ಒಂದು ಮುಂಜಾನೆ ಚಹಾ ಕೊಟ್ಟಾಗ ಬಟ್ಟಲು ಎರಡೂ ಕೈಯಿಂದ ತೆಗೆದುಕೊಂಡು ಕೇಳಿದ: "ನಿಮ್ಮ ಪಾತ್ರ ಯಾವುದ್ರಿ ಬಾಯಾರ?" ಜನ್ಮದಲ್ಲಿ ನನ್ನನ್ನು ನೀವು ಎಂದವನಲ್ಲ. ಒಳಗೆ ಹೋಗಿ ಒಲೆ ಮುಂದೆ ನಿಂತು ಅತ್ತೆ.

ಅಪ್ಪ ಹೋದ ಮೇಲೆ ಕಂಪನಿಯವರು ಗೌಡನನ್ನು ಗೌಡತಿ ಮಾಡಿ ಆ ಪಾತ್ರ ನನಗೆ ಕೊಟ್ಟರು. ಮಾತುಗಳು ಅವೇ, ಕೀಲಿಗೊಂಚಲೂ ಅದೇ. ನನ್ನ ಹಳೇ ಪಾತ್ರಕ್ಕೆ ನನ್ನ ಮಗಳು ಬಂದಳು. ನಾನು ಹಾಕಿದ ಷರತ್ತು ಒಂದೇ: ಶಲ್ಯದ ದೃಶ್ಯ ಬೇಡ, ಅದರ ಬದಲಿಗೆ ಸೆರಗಿನ ದೃಶ್ಯವೂ ಬೇಡ. ಹೊಸ್ತಿಲಲ್ಲಿ ತಾಯಿ ಮಗಳ ನಡುವೆ ಆರು ಹೆಜ್ಜೆ ದೂರ ಇರಬೇಕು, ಯಾರೂ ಯಾರನ್ನೂ ಮುಟ್ಟಬಾರದು. ಮಗಳು ಯಾಕೆ ಎಂದು ಕೇಳಲಿಲ್ಲ. ಆಕೆ ಸಣ್ಣವಳಿದ್ದಾಗಿನಿಂದ ಪರದೆಯ ಸಂದಿಯಲ್ಲಿ ಕೂತು ಎಲ್ಲ ನೋಡಿದವಳು.

ರಾಣೆಬೆನ್ನೂರಿನಲ್ಲಿ ಕ್ಯಾಂಪ್ ಇದ್ದರೆ ನಾನು ಹಾವೇರಿಯಿಂದ ಬಸ್ಸಿನಲ್ಲೇ ಹೋಗಿ ಬರುತ್ತೇನೆ. ದಾರಿಯಲ್ಲಿ ನನ್ನನ್ನು ನಾನೇ ಪರೀಕ್ಷೆ ಮಾಡಿಕೊಳ್ಳುವ ರೂಢಿ. ಮೋಟೆಬೆನ್ನೂರು ಬರುವಷ್ಟರಲ್ಲಿ ನನ್ನ ಮೊದಲ ಅಂಕದ ಮಾತು ಮುಗಿಯಬೇಕು, ರಾಣೆಬೆನ್ನೂರಿಗೆ ಪೂರ್ತಿ ನಾಟಕ. ಹೋದ ತಿಂಗಳು ಮೋಟೆಬೆನ್ನೂರು ದಾಟಿದ್ದು ನೆನಪಿದೆ. ಆಮೇಲೆ ಕಂಡಕ್ಟರ್ ಎದುರಿಗೆ ನಿಂತು, "ಅಕ್ಕಾರ, ರಾಣೆಬೆನ್ನೂರು ಬಂತು, ಇಳೀರಿ. ಎಲ್ಲಾರೂ ಇಳದ್ರು" ಎನ್ನುತ್ತಿದ್ದ. ಎರಡನೇ ಅಂಕ ಹೇಳಿಕೊಂಡೆನೋ ಇಲ್ಲವೋ ತಿಳಿಯಲಿಲ್ಲ. ನಿದ್ದೆ ಹತ್ತಿರಬೇಕು ಎಂದುಕೊಂಡೆ. ಮಧ್ಯಾಹ್ನದ ಬಸ್ಸು, ಊಟ ಬೇರೆ ಆಗಿತ್ತು. ಯಾರಿಗಾದರೂ ನಿದ್ದೆ ಬರುತ್ತದೆ.

ಅಂದಿನ ಸಂಜೆ ಆಟ ತುಂಬಿತ್ತು. ಜನ ಫೋನು ಎತ್ತಿ ಹಿಡಿದಿದ್ದರು. ಸುಗ್ಗಿಯೂ ಅಲ್ಲ, ಬ್ಯಾಡಗಿಯೂ ಅಲ್ಲ. ಥಿಯೇಟರಿನಲ್ಲಿ ಒಂದು ಕೆಮ್ಮೂ ಇರಲಿಲ್ಲ. ಹೊಸ್ತಿಲಿನ ದೃಶ್ಯ ಬಂತು. ನಾನು ಕೀಲಿ ಎತ್ತಿದೆ. ಆರು ಹೆಜ್ಜೆ ದೂರದಲ್ಲಿ ನಿಲ್ಲಬೇಕಾದ ಮಗಳು ಒಮ್ಮೆಲೇ ನನ್ನ ಕಡೆ ಬಂದಳು. ನನ್ನ ಸೆರಗಿಗೆ ಕೈ ಹಾಕಿದಳು, ಕಿವಿಯ ಹತ್ತಿರ ಅಂದಳು: "ಈ ಮನಿ ಕೀಲಿ..."

ನನಗೆ ಪಿತ್ತ ನೆತ್ತಿಗೇರಿತು. ನನ್ನ ಮಾತು ನನಗೇ ಹೇಳಿಕೊಡುತ್ತಾಳಲ್ಲ, ಕೀಲಿ ಈಗಷ್ಟೇ ಎತ್ತಿದ್ದೇನೆ, ಉಸಿರು ತೆಗೆದುಕೊಳ್ಳಲಾದರೂ ಬಿಡಬೇಡವೇ. ಅದೇ ಸಿಟ್ಟಿನಲ್ಲಿ ಮಾತು ಹೇಳಿದೆ. ಚಪ್ಪಾಳೆ ಬಿತ್ತು. ಎಂದಿಗಿಂತ ಜೋರಾಗಿ ಬಿತ್ತು.

ಬಣ್ಣದ ಮನೆಯಲ್ಲಿ ಕನ್ನಡಿಯ ಮುಂದೆ ಕೂತಾಗ ಮಗಳು ಹಿಂದೆ ಬಂದು ನಿಂತಳು. ಅವಳ ಕಣ್ಣ ಕಾಡಿಗೆ ಕದಡಿತ್ತು. ನಾಟಕದಲ್ಲಿ ಅವಳು ಅಳುವ ದೃಶ್ಯ ಇನ್ನೂ ಮುಂದಿತ್ತು.

"ನಡುವ ಯಾಕ ಬಂದಿ?" ಎಂದು ಕೇಳಿದೆ.

ಅವಳು ಕನ್ನಡಿಯಲ್ಲಿ ನನ್ನನ್ನು ನೋಡಲಿಲ್ಲ. ಮೇಜಿನ ಮೇಲಿದ್ದ ಕೀಲಿಗೊಂಚಲನ್ನು ಎತ್ತಿ ಮತ್ತೆ ಅಲ್ಲೇ ಇಟ್ಟಳು.

"ಸೆರಗು ಜಾರಿತ್ತು ಯವ್ವಾ."

ನಾನು ಹೆಗಲು ಮುಟ್ಟಿ ನೋಡಿಕೊಂಡೆ. ಆಟಕ್ಕೆ ಮುಂಚೆ ಸೆರಗಿಗೆ ಹಾಕಿಕೊಂಡ ಎರಡೂ ಪಿನ್ನು ಹಾಕಿದ ಜಾಗದಲ್ಲೇ ಇದ್ದವು.