ಐದು ಸೇತುವೆಗಳ ಭಾನುವಾರ

ಮಗಳ ಬಿಳಿ ಕ್ಯಾನ್ವಾಸ್ ಶೂಗೆ ಹಚ್ಚಲು ಪಾಲಿಶ್ ಬಾಟಲಿಯ ಮುಚ್ಚಳ ತೆಗೆದೆ. ಸುಣ್ಣದ್ದೂ ಅಲ್ಲದ, ಬಣ್ಣದ್ದೂ ಅಲ್ಲದ ಆ ಹಸಿ ವಾಸನೆ ಮೂಗಿಗೆ ಬಡಿದದ್ದೇ ತಡ, ವಿಜಯವಾಡದ ಪಟಮಟದಲ್ಲಿದ್ದ ನಮ್ಮ ಬಾಡಿಗೆ ಮನೆಯ ಮೆಟ್ಟಿಲು ಕಣ್ಣೆದುರು ಬಂತು. ಶನಿವಾರ ಸಂಜೆಯಾದರೆ ಆ ಮೆಟ್ಟಿಲ ಮೇಲೆ ಇಂಥದೇ ಬಿಳಿ ಶೂ ಒಣಗುತ್ತಿದ್ದವು. ಅವು ಮೇಲ್ಮನೆ ಮೇಡಂ ಅವರವು.

ಮೇಡಂ ಬಳ್ಳಾರಿ ಕಡೆಯವರು, ವಿಶಾಖಪಟ್ಟಣದ ಕಾಲೇಜೊಂದರಲ್ಲಿ ಗಣಿತ ಕಲಿಸಿ ನಿವೃತ್ತರಾದವರು. ಗಂಡ ಅಲ್ಲಿಯೇ ಕಾರ್ಖಾನೆಯಲ್ಲಿ ಎಂಜಿನಿಯರ್ ಆಗಿದ್ದರಂತೆ. ಅವರು ತೀರಿಕೊಂಡ ಮೇಲೆ ತಂಗಿಯ ಜೊತೆಗಿರಲು ವಿಜಯವಾಡಕ್ಕೆ ಬಂದಿದ್ದರು. ನೂಲಿನ ಸೀರೆ, ಅದರ ಕೆಳಗೆ ಬಿಳಿ ಶೂ... ಬೀದಿಯವರು ಮುಸಿಮುಸಿ ನಗುತ್ತಿದ್ದರು. ಮೇಡಂ ನಕ್ಕವರ ಕಡೆ ತಿರುಗಿ ತಾವೂ ನಕ್ಕು ಮುಂದೆ ಹೋಗುತ್ತಿದ್ದರು.

ಅಪ್ಪ ಬ್ಯಾಂಕಿನವರು. ದಾವಣಗೆರೆಯಿಂದ ವರ್ಗವಾಗಿ ಬಂದಿದ್ದೆವು. ಅಮ್ಮ ಏಳನೇ ಕ್ಲಾಸಿನವರೆಗೆ ಓದಿದವಳು. ತೆಲುಗು ಬಾರದೆ ಬಂದಾಗಿನಿಂದಲೂ ಹೊಸ್ತಿಲು ದಾಟಿರಲಿಲ್ಲ. ತರಕಾರಿಯನ್ನೂ ಅಪ್ಪನೇ ತರುತ್ತಿದ್ದರು. ನಾನು ಅಲ್ಲಿಯೇ ಎಂಜಿನಿಯರಿಂಗ್ ಸೇರಿ, ಎರಡನೆಯ ವರ್ಷದಲ್ಲಿ ಗಣಿತದ ಪೇಪರ್ ಒಂದರಲ್ಲಿ ಫೇಲಾದೆ. ನನ್ನನ್ನು ಕೆಡವಿದ್ದು ಗ್ರಾಫ್ ಥಿಯರಿ. ಗ್ರಾಫ್ ಅಂದರೆ ಚೌಕುಳಿ ಕಾಗದದ ಮೇಲೆ ಏರಿಳಿಯುವ ಗೆರೆ ಎಂದುಕೊಂಡಿದ್ದವಳಿಗೆ ಆ ಚುಕ್ಕಿ, ಆ ಗೀಟು, ಆ ವ್ಯಾಖ್ಯೆಗಳು ಒಂದೂ ತಲೆಗೆ ಹತ್ತಿರಲಿಲ್ಲ. ಓದು ಬಿಡುತ್ತೇನೆ ಎಂದು ಅಪ್ಪನಿಗೆ ಹೇಳಿ ಕೋಣೆ ಸೇರಿದೆ. ಹೀಗೆ ಆ ಮನೆಯಲ್ಲಿ ಹೊರಗೆ ಹೋಗದವರು ಇಬ್ಬರಾದೆವು.

ಅಪ್ಪ ಹೋಗಿ ಮೇಡಂಗೆ ಹೇಳಿದ್ದಿರಬೇಕು. ಭಾನುವಾರ ಬೆಳಿಗ್ಗೆ ಮೇಡಂ ಬಾಗಿಲು ಬಡಿದರು. ಕೈಯಲ್ಲಿ ಪುಸ್ತಕವಿರಲಿಲ್ಲ, ಕೊಡೆ ಇತ್ತು.

“ಏಳವಾ, ವಾಕಿಂಗ್ ಹೋಗೂಣು. ನೀವೂ ಬರ್ರಿ,” ಎಂದರು ಅಮ್ಮನ ಕಡೆ ತಿರುಗಿ.

“ನಾನೆಲ್ಲಿಗೆ ಮೇಡಂ, ನಂಗೆ ಇಲ್ಲಿ ಭಾಷೇನೇ ಬರಲ್ಲ.”

“ಸೇತುವೆ ದಾಟಾಕ ಯಾವ ಭಾಷಾ ಬೇಕ್ರಿ?”

ವಿಜಯವಾಡದ ಒಳಗೆ ಕೃಷ್ಣೆಯ ಕಾಲುವೆಗಳು ಹರಿಯುತ್ತವೆ, ಅವುಗಳ ಮೇಲೆ ಅಲ್ಲಲ್ಲಿ ಸೇತುವೆಗಳು. ಮೇಡಂ ಎರಡು ಕಾಲುವೆ, ಐದು ಸೇತುವೆ ಆರಿಸಿಕೊಂಡಿದ್ದರು. ನಮ್ಮ ದಡದಿಂದ ನಡುವಿನ ಪಟ್ಟಿಗೆ ಮೂರು, ಅಲ್ಲಿಂದ ಆಚೆ ದಡಕ್ಕೆ ಎರಡು. ಪ್ರತಿ ಸೇತುವೆಯನ್ನೂ ಒಂದೇ ಸಲ ದಾಟಬೇಕು, ಯಾವುದನ್ನೂ ಬಿಡಬಾರದು, ಕೊನೆಗೆ ಮನೆಗೆ ಬರಬೇಕು. ಹಾಗೆ ಮಾಡಿದರೆ ಮಧ್ಯಾಹ್ನ ತಮ್ಮ ಕೈಯಾರೆ ಪೆಸರಟ್ಟು, ಅಂದರೆ ಹೆಸರುಕಾಳಿನ ದೋಸೆ, ಮಾಡಿ ಹಾಕುವುದಾಗಿ ಮಾತು ಕೊಟ್ಟರು.

ಹೊರಟೆವು. ಒಂದನೆಯದು ದಾಟಿ ನಡುವಿನ ಪಟ್ಟಿ, ಆಚೆ ದಡ, ಮತ್ತೆ ಈಚೆ... ನಾಲ್ಕು ದಾಟಿ ನಮ್ಮ ದಡಕ್ಕೆ ಬಂದಾಗ ಒಂದು ಸೇತುವೆ ಉಳಿದಿತ್ತು. ಅದನ್ನೂ ದಾಟಿದೆವು. ಮನೆ ನಮ್ಮ ದಡದಲ್ಲಿ, ನಾವು ನಡುವಿನ ಪಟ್ಟಿಯಲ್ಲಿ. ದಾರಿ ಬದಲಿಸೋಣ ಎಂದು ನಾನು ಹಟ ಹಿಡಿದೆ. ಮೊದಲಿನಿಂದ ಇನ್ನೊಂದು ಸುತ್ತು ಆಯಿತು. ಬಿಸಿಲು ಏರಿತು. ಮತ್ತೆ ಅದೇ ನಡುವಿನ ಪಟ್ಟಿಯಲ್ಲೇ ನಿಂತಿದ್ದೆವು.

ಅಮ್ಮ ಕಾಲುವೆಯ ಕಟ್ಟೆಯ ಮೇಲೆ ಕುಳಿತು, ಸೆರಗಿನಿಂದ ಮುಖ ಒರೆಸಿಕೊಂಡು, ಸಿಡುಕಿನಿಂದಲೇ ಹೇಳಿದಳು: “ನೀನು ಎಷ್ಟ್ ಸಲ ತಿರುಗಿಸಿದ್ರೂ ಇಷ್ಟೇ ಕಣೆ. ನಮ್ಮ ಕಡೆಗೆ ಇರೋದು ಮೂರು. ಒಂದ್ರಲ್ಲಿ ಹೋದ್ವಿ, ಒಂದ್ರಲ್ಲಿ ಬಂದ್ವಿ. ಮೂರನೇದ್ರಲ್ಲಿ ಮತ್ತೆ ಹೋಗ್ಲೇಬೇಕು. ಬರೋಕೆ ಇನ್ನೊಂದು ಎಲ್ಲಿದೆ?”

ಮೇಡಂ ಕೊಡೆ ಕೆಳಗಿಟ್ಟು ಅಮ್ಮನ ಎರಡೂ ಕೈ ಹಿಡಿದುಕೊಂಡರು. ನಗು ತಡೆಯಲಾಗದೆ ಅವರ ಕಣ್ಣಲ್ಲಿ ನೀರು ಬಂದಿತ್ತು. “ಇದನ್ನ ಹೇಳಾಕ ನಾನು ಒಂದೊಂದು ವರ್ಷ ಎರಡು ಕ್ಲಾಸ್ ತಗೋತಿದ್ದೆ. ಬಾಯಿಪಾಠ ಮಾಡಿ ಬರೆದವರನ್ನ ಕಂಡೀನಿ. ಕಾಲುವಿ ದಂಡಿ ಮ್ಯಾಲ ಕುಂತು ತಾವಾಗೇ ಕಂಡುಕೊಂಡವರನ್ನ ಇವತ್ತೇ ಕಂಡಿದ್ದು.”

ಆಮೇಲೆ ಅಲ್ಲಿಯೇ ಮಣ್ಣಿನ ಮೇಲೆ ಕೊಡೆಯ ಮೊನೆಯಿಂದ ಮೂರು ಚುಕ್ಕಿ ಇಟ್ಟರು, ಐದು ಗೆರೆ ಎಳೆದರು. ಚುಕ್ಕಿ ಅಂದರೆ ನೆಲ, ಗೆರೆ ಅಂದರೆ ಸೇತುವೆ. ಒಂದು ಚುಕ್ಕಿಗೆ ಎಷ್ಟು ಗೆರೆ ಬಂದು ಮುಟ್ಟುತ್ತವೋ ಅದು ಅದರ ಡಿಗ್ರಿ. ನಮ್ಮ ದಡದ್ದು ಮೂರು, ನಡುವಿನದು ಐದು, ಆಚೆಯದು ಎರಡು. ಹೋದಷ್ಟೇ ಸಲ ಬರಬೇಕಾದರೆ ಎಲ್ಲ ಡಿಗ್ರಿಯೂ ಸಮಸಂಖ್ಯೆಯಾಗಿರಬೇಕು. “ಮೂರನ್ನೂ ಕೂಡಿಸವಾ,” ಎಂದರು. ಹತ್ತು. ಐದು ಸೇತುವೆಯ ಎರಡರಷ್ಟು. ಯಾಕೆ ಎಂದು ಅವರು ಕೇಳುವ ಮೊದಲೇ, ಒಂದೊಂದು ಸೇತುವೆಗೂ ಎರಡು ತುದಿ ಅಲ್ಲವೇ ಎಂದು ನನ್ನ ಬಾಯಿಂದ ಬಂದಿತ್ತು. ತಿಂಗಳುಗಟ್ಟಲೆ ಪುಸ್ತಕದಲ್ಲಿ ಸತ್ತು ಬಿದ್ದಿದ್ದ ಚುಕ್ಕಿಗಳು ಆಗ ಎದ್ದು ಓಡಾಡತೊಡಗಿದವು.

“ಅಂದ್ರೆ ಪೆಸರಟ್ಟು ಮಾಡೋ ಪ್ರಮೇಯ ಬರಲ್ಲ ಅಂತ ನಿಮಗೆ ಮೊದಲೇ ಗೊತ್ತಿತ್ತು,” ಎಂದಳು ಅಮ್ಮ.

ಮೇಡಂ ಆಟೋ ಕರೆದು, ದಾಟಿದ ಸೇತುವೆಯನ್ನೇ ಮತ್ತೊಮ್ಮೆ ದಾಟಿಸಿ, ಮನೆಗೆ ಕರೆತಂದು, ಮೂವರಿಗೂ ಪೆಸರಟ್ಟು ಹೊಯ್ದರು. ಮೊದಲನೆಯದು ಕಾವಲಿಗೆ ಅಂಟಿ ಹರಿಯಿತು. ಅಮ್ಮ ಸೌಟು ಕಸಿದುಕೊಂಡಳು.

ಆಮೇಲೆ ಪ್ರತಿ ಭಾನುವಾರವೂ ಅವರಿಬ್ಬರ ವಾಕಿಂಗ್. ದಾರಿಯಲ್ಲಿ ಮೇಡಂ ಬೇಕೆಂದೇ ದೂರ ನಿಂತು ಅಮ್ಮನಿಂದ ತೆಲುಗಿನಲ್ಲಿ ಚೌಕಾಸಿ ಮಾಡಿಸುತ್ತಿದ್ದರಂತೆ. ಒಮ್ಮೆ ಊರಿನ ಇನ್ನೊಂದು ತುದಿಯ ಭವಾನಿಪುರಂವರೆಗೆ ಹೋಗಿ, ನದಿ ನೋಡುತ್ತ ಕುಳಿತು, ಮಧ್ಯಾಹ್ನ ಮೂರಕ್ಕೆ ಬಂದರು. ಅಪ್ಪ ಊಟಕ್ಕೆ ಕಾದು ಕಾದು ಅವಲಕ್ಕಿ ತಿಂದಿದ್ದರು. ನಾನು ಮತ್ತೆ ಪರೀಕ್ಷೆ ಬರೆದೆ, ಪಾಸಾದೆ. ಮುಂದೆ ಅದೇ ವಿಷಯ ಕಲಿಸುವ ಕೆಲಸವೇ ವಿಶಾಖಪಟ್ಟಣದಲ್ಲಿ ಸಿಕ್ಕಿತು.

ಅಷ್ಟರಲ್ಲಿ ಮೇಡಂ ಕೂಡ ಅದೇ ಊರಿನ ಅಂಚಿನ ಪೆಂಡುರ್ತಿಯಲ್ಲಿದ್ದ ಮಗಳ ಮನೆಗೆ ಬಂದಿದ್ದರು. ನನ್ನ ಮನೆಯಿಂದ ಬಸ್ಸಿನಲ್ಲಿ ಒಂದು ಗಂಟೆ. ಮೊದಮೊದಲು ಹೋಗುತ್ತಿದ್ದೆ. ಆಮೇಲೆ ಮುಂದಿನ ಭಾನುವಾರ, ಅದರ ಮುಂದಿನ ಭಾನುವಾರ... ಅವರು ತೀರಿಕೊಂಡ ಸುದ್ದಿ ತಿಳಿದದ್ದು ಎರಡು ತಿಂಗಳು ತಡವಾಗಿ. ನಾಚಿಕೆಯಾಗಿ ಆ ಮನೆಗೆ ಹೋಗಲೂ ಇಲ್ಲ.

ಈಚೆಗೆ ಅಮ್ಮ ನಮ್ಮಲ್ಲಿಗೆ ಬಂದಾಗ ಹಟ ಹಿಡಿದು ನನ್ನನ್ನು ಆ ಮನೆಗೆ ಕರೆದುಕೊಂಡು ಹೋದಳು. ಮೇಡಂ ಮಗಳಿಗೆ ಕನ್ನಡ ಅರ್ಥವಾಗುತ್ತದೆ, ಆಡಲು ಸಲೀಸು ತೆಲುಗೇ. ಅಮ್ಮ ತೆಲುಗಿನಲ್ಲೇ ಅವರ ಮಕ್ಕಳ ಓದು, ಮೊಣಕಾಲು ನೋವು, ಮೇಡಂ ಅವರ ಕೊನೆಯ ದಿನಗಳು, ಎಲ್ಲವನ್ನೂ ವಿಚಾರಿಸಿದಳು. ಇಷ್ಟು ಚೆನ್ನಾಗಿ ಎಲ್ಲಿ ಕಲಿತಿರಿ ಎಂದು ಅವರು ಬೆರಗಿನಿಂದ ಕೇಳಿದರು.

“ಮೀ ಅಮ್ಮಗಾರೇ ನೇರ್ಪಾರಂಡಿ,” ಎಂದಳು ಅಮ್ಮ. ನಿಮ್ಮ ತಾಯಿಯೇ ಕಲಿಸಿದ್ದು.

ಮೇಡಂ ಮಗಳು ಅಮ್ಮನ ಕೈ ಹಿಡಿದುಕೊಂಡರು; ಆಮೇಲೆ ಕಣ್ಣೊರೆಸಿಕೊಂಡು, ಊಟ ಮಾಡಿಕೊಂಡೇ ಹೋಗಬೇಕು ಎಂದು ಒಳಗೆ ಎದ್ದು ಹೋದರು. ಅಮ್ಮ ಕೇಳದೆಯೇ ಅವರ ಹಿಂದೆ ಅಡುಗೆಮನೆಗೆ ನಡೆದಳು.